ಅಂಗೈ ಬುಡ

ಮುದ್ದೆಯಲ್ಲಿ ಗಂಟು ಸಿಕ್ಕಿದ್ದು ಮರಿಯಪ್ಪನಿಗೆ. ಬೇರೆ ಯಾರಿಗಾದರೂ ಸಿಕ್ಕಿದ್ದರೆ ಸಾರಿನ ಜೊತೆ ನುಂಗಿ ಸುಮ್ಮನಾಗುತ್ತಿದ್ದರೇನೋ. ಮರಿಯಪ್ಪ ಕಾಮಾಕ್ಷಿಪಾಳ್ಯದ ಲೇತ್ ಶೆಡ್ಡಿನಲ್ಲಿ ಕೂದಲೆಳೆಯಷ್ಟು ಹೆಚ್ಚುಕಮ್ಮಿಯನ್ನೂ ಕಣ್ಣಲ್ಲೇ ಹಿಡಿಯುವ ಮನುಷ್ಯ. ಹದಿನೈದು ವರ್ಷದಿಂದ ಇದೇ ಮೂಲೆಯ ಬೆಂಚಿನಲ್ಲಿ ಮಧ್ಯಾಹ್ನದ ಊಟ ಮಾಡುತ್ತಿದ್ದವನು. ತುತ್ತನ್ನು ತಟ್ಟೆಯ ಅಂಚಿಗಿಟ್ಟು ಬಿಡಿಸಿ ನೋಡಿದ. ಒಳಗೆ ನೆಲ್ಲಿಕಾಯಿ ಗಾತ್ರದ ಹಸಿ ಹಿಟ್ಟು.

“ಇಂದ್ರಕ್ಕ, ಇವತ್ತು ಹಿಟ್ಟು ಬೇರೆ ಯಾರಾದ್ರೂ ತೊಳಸಿದ್ರಾ?”

“ಇಲ್ವಲ್ಲಪ್ಪ, ನಾನೇ.”

“ಹಂಗಾದ್ರೆ ಹುಷಾರಿಲ್ವೇನೋ ನಿಮಗೆ,” ಎಂದು ಗಂಟನ್ನು ಪಕ್ಕಕ್ಕೆ ಸರಿಸಿ ಉಳಿದದ್ದನ್ನು ಉಂಡ. ಬೈದಿದ್ದರೇ ವಾಸಿಯಿತ್ತು ಎನ್ನಿಸಿತು ಇಂದ್ರಮ್ಮನಿಗೆ.

ಅದು ಎರಡು ಸಾವಿರದ ಏಳರ ಆಷಾಢ. ಮನೆಯ ಮುಂದಿನ ಕೋಣೆಯಲ್ಲಿ ನಾಲ್ಕು ಬೆಂಚು, ಗೋಡೆಗೊಂದು ಕರಿಹಲಗೆ, ಒಳಗೆ ಅಡುಗೆಮನೆ. ಇಷ್ಟೇ ಅವರ ಊಟದ ಮನೆ. ಗಂಡ ಮುನಿರಾಮಯ್ಯ ಬಿನ್ನಿಪೇಟೆಯ ಗಿರಣಿ ಮುಚ್ಚಿದ ಮೇಲೆ ಬಡಿಸುವುದಕ್ಕೂ ಗಲ್ಲಾಕ್ಕೂ ನಿಂತಿದ್ದ. ಆ ದಿನದ ಸಾರು ಯಾವುದೆಂದು ಬೆಳಿಗ್ಗೆ ಹಲಗೆಯ ಮೇಲೆ ಬರೆಯುವುದೂ ಅವನದೇ ಕೆಲಸ. ಮೇಲಿನ ಸಾಲನ್ನು ಮಾತ್ರ ಯಾರೂ ಅಳಿಸುತ್ತಿರಲಿಲ್ಲ: ‘ಬಿಸಿ ರಾಗಿ ಮುದ್ದೆ ಊಟ’.

ದಿನಕ್ಕೆ ಮೂರು ಪಾತ್ರೆ ಹಿಟ್ಟು, ನೂರೈವತ್ತು ಮುದ್ದೆ. ಪಾತ್ರೆ ಅಲುಗದಂತೆ ಕವೆಗೋಲನ್ನು ಎರಡೂ ಪಾದದಿಂದ ಒತ್ತಿ ಹಿಡಿದು, ಬೇಯುವ ಹಿಟ್ಟನ್ನು ಕೋಲಿನಿಂದ ತಿರುವಿ ತೊಳಸಬೇಕು. ತೊಳಸುವುದನ್ನು ಕಲಿಸಿದವಳು ಅತ್ತೆ ಚಿಕ್ಕಗಂಗಮ್ಮ. “ತೋಳಲ್ಲಿ ತೊಳಸಬ್ಯಾಡ, ತೋಳು ಸೋಲ್ತದೆ. ಕೋಲಿನ ತಲೆಗೆ ಅಂಗೈ ಬುಡ ಕೊಡು, ಮೈಭಾರ ಬಿಡು. ಗಂಟು ಅನ್ನೋದು ಆಮೇಲೆ ಹುಡುಕಿದ್ರೂ ಸಿಗಬಾರದು.” ಇಪ್ಪತ್ತನಾಲ್ಕು ವರ್ಷ ಇಂದ್ರಮ್ಮ ಹಾಗೆಯೇ ಮಾಡಿದ್ದಳು. ಬಲಗೈಯ ಕಿರುಬೆರಳ ಕೆಳಗೆ, ಅಂಗೈ ಮಣಿಕಟ್ಟನ್ನು ಕೂಡುವ ಕಡೆ, ಅರ್ಧ ರೂಪಾಯಿಯಗಲದ ಒರಟು ಗಡ್ಡೆ ಕಟ್ಟಿತ್ತು.

ಈಗ ಎರಡು ತಿಂಗಳಿಂದ ಆ ಕಿರುಬೆರಳು ತನ್ನದಲ್ಲವೇನೋ ಎನ್ನುವ ಹಾಗಾಗಿತ್ತು. ಮೊದಮೊದಲು ಇರುವೆ ಹರಿದ ಹಾಗೆ ಜುಮುಜುಮು. ಆಮೇಲೆ ಉಂಗುರದ ಬೆರಳಿಗೂ ಹತ್ತಿತು. ರವಿಕೆಯ ಹುಕ್ಕು ಹಾಕಲು ಬೆರಳು ಕೂಡುತ್ತಿರಲಿಲ್ಲ. ಬೀಗದಲ್ಲಿ ಕೀ ತಿರುಗುತ್ತಿರಲಿಲ್ಲ. ಉಪ್ಪು ಚಿಟಿಕೆಗೆ ನಿಲ್ಲದೆ, ಹಿಡಿಯಲ್ಲೇ ಹಾಕತೊಡಗಿದ್ದಳು. ಸಾರು ಒಂದು ದಿನ ಉಪ್ಪುಪ್ಪು, ಒಂದು ದಿನ ಸಪ್ಪೆ. ಯಾರಿಗೂ ಹೇಳಿರಲಿಲ್ಲ.

ಆ ದಿನ ಗಿರಾಕಿಗಳೆಲ್ಲ ಹೋದ ಮೇಲೆ ಮನೆಯವರ ಊಟ. ಮುನಿರಾಮಯ್ಯ ಬಾಯಿ ಬಿಟ್ಟ.

“ಮರಿಯಪ್ಪನ ತಟ್ಟೇಲೇ ಬರ್ಬೇಕಿತ್ತಾ ಆ ಗಂಟು? ನಾಳೆ ಇಡೀ ಶೆಡ್ಡಿಗೆ ಸಾರ್ತಾನೆ. ಧ್ಯಾನ ಎಲ್ಲಿತ್ತು ನಿಂಗೆ?”

“ಕೈ ಸ್ವಲ್ಪ ಹಿಡ್ಕೊಂಡದೆ ಕಣ್ರೀ.”

“ಎಲ್ಲಿ?” ಎಂದಳು ಚಿಕ್ಕಗಂಗಮ್ಮ. ಎಪ್ಪತ್ತು ದಾಟಿದ ಮುದುಕಿ ಗೋಡೆಗೊರಗಿ ಕಾಲು ಚಾಚಿ ಕೂತಿದ್ದಳು. ಅವಳ ತಟ್ಟೆಯಲ್ಲಿ ಮುದ್ದೆ ಮಾತ್ರ. ಅವಳು ಅನ್ನ ಮುಟ್ಟಿದ್ದನ್ನು ಇಂದ್ರಮ್ಮ ಈ ಮನೆಗೆ ಬಂದಾಗಿನಿಂದ ಕಂಡಿರಲಿಲ್ಲ. ಹಬ್ಬದಲ್ಲಿ, ಜ್ವರದಲ್ಲಿ, ಪರರ ಮದುವೆಯಲ್ಲಿ ಕೂಡ ಇಲ್ಲ. ಕೇಳಿದರೆ, “ಅನ್ನ ಉಣ್ಣೋದು ರೋಗಿಷ್ಟರು,” ಎನ್ನುತ್ತಿದ್ದಳು. ಬಲಗೈಯ ಕಡೆಯ ಎರಡು ಬೆರಳು ಕೊಕ್ಕೆಯಂತೆ ಬಾಗಿದ್ದವು. ಮಿಕ್ಕ ಮೂರರಲ್ಲಿ ಮುದ್ದೆ ಮುರಿದು ಸಾರಿನಲ್ಲಿ ಹೊರಳಿಸಿ ನುಂಗುತ್ತಿದ್ದಳು.

ಇಂದ್ರಮ್ಮ ಅಂಗೈ ತೋರಿಸಿದಳು. ಮುದುಕಿ ಸ್ವಲ್ಪ ಹೊತ್ತು ನೋಡಿದಳು.

“ಇದಾ? ಇದು ನಂಗೂ ಬಂದಿತ್ತು. ಶೀತ ಕಣೆ. ಮಣಿಕಟ್ಟಿಗೆ ಬಟ್ಟೆ ಬಿಗಿಯಾಗಿ ಸುತ್ಕೊ, ಹರಳೆಣ್ಣೆ ಬಿಸಿ ಮಾಡಿ ಹಚ್ಕೊ. ನಾನೇನು ಕೋಲು ಬಿಟ್ಟು ಕೂತಿದ್ನಾ?”

ಹಳೇ ಸೀರೆಯ ಅಂಚು ಹರಿದು ಬಿಗಿಯಾಗಿ ಸುತ್ತಿದರು. ಕಟ್ಟಿದಾಗ ಕೈಗೆ ಬಲ ಬಂದಂತೆ ಅನ್ನಿಸಿದ್ದು ನಿಜ. ಮಾರನೆಯ ದಿನ ಇಂದ್ರಮ್ಮ ಮೈಭಾರವನ್ನೆಲ್ಲ ಅಂಗೈ ಬುಡಕ್ಕೇ ಬಿಟ್ಟು ತೊಳಸಿದಳು. ಗಂಟು ಬರಲಿಲ್ಲ. ಬಟ್ಟೆ ಬಿಚ್ಚಿದಾಗ ಬೆರಳೆರಡೂ ಕಟ್ಟಿಗೆಯಾಗಿದ್ದವು.

ಮಗಳು ಕಲಾ ಮಾಗಡಿ ರಸ್ತೆಯ ಗಾರ್ಮೆಂಟ್ಸಿನಲ್ಲಿ ಚೆಕಿಂಗ್ ಕೆಲಸಕ್ಕಿದ್ದಳು. ಇಪ್ಪತ್ತೊಂದು ವರ್ಷ. ದಿನಾ ಎಂಟಕ್ಕೆ ಬಸ್ಸು ಹತ್ತಿದರೆ ಸಂಜೆ ಆರೂವರೆಗೆ ಮನೆ. ಅದೇ ಆಷಾಢದ ಒಂದು ಭಾನುವಾರ, ಊಟದ ಮನೆಗೆ ರಜ, ಅವಳೇ ಅಮ್ಮನಿಗೆ ಸೊಪ್ಪು ಬಿಡಿಸಿಕೊಡುತ್ತಿದ್ದಳು. ಏನೋ ಸುಟ್ಟ ವಾಸನೆ.

“ಅಮ್ಮ! ಬೆರಳು! ಕೈ ತೆಗಿಯಮ್ಮ!”

ಕಾದ ಪಾತ್ರೆಯ ಕಂಠಕ್ಕೆ ಇಂದ್ರಮ್ಮನ ಕಿರುಬೆರಳು ಅಂಟಿಕೊಂಡೇ ಇತ್ತು. ಇಂದ್ರಮ್ಮ ಮಗಳ ಮುಖ ನೋಡಿದಳು, ಆಮೇಲೆ ಬೆರಳನ್ನು. ಚರ್ಮ ಬೆಳ್ಳಗೆ ಎದ್ದಿತ್ತು.

“ಉರೀಲಿಲ್ವಾ ನಿಂಗೆ?”

“ಗೊತ್ತಾಗ್ಲಿಲ್ಲ ಕಣೆ.”

“ಗೊತ್ತಾಗ್ಲಿಲ್ಲ ಅಂದ್ರೆ? ಎಷ್ಟು ದಿನದಿಂದ ಹಿಂಗೆ?”

“ಶೀತ ಅಂತ ಅಜ್ಜಿ…”

“ಅಜ್ಜಿ ಡಾಕ್ಟ್ರಾ?”

ಕಲಾ ತನ್ನ ಇಎಸ್‌ಐ ಕಾರ್ಡಿನಲ್ಲಿ ಅಮ್ಮನ ಹೆಸರು ಬರೆಸಿದ್ದಳು. ಶನಿವಾರ ರಜೆ ಹಾಕಿ ರಾಜಾಜಿನಗರದ ಆಸ್ಪತ್ರೆಗೆ ಕರೆದುಕೊಂಡು ಹೋದಳು. ಸಾಲಿನಲ್ಲಿ ಕೂತು ಹೊತ್ತು ಹೋಯಿತು. ಕೊನೆಗೆ ಕಂಡ ಡಾಕ್ಟರು ಮೂವತ್ತೈದರ ಹೆಂಗಸು. ಒಂದು ಕಾಗದವನ್ನು ಇಂದ್ರಮ್ಮನ ಹೆಬ್ಬೆರಳು ತೋರುಬೆರಳ ನಡುವೆ ಇಟ್ಟು, “ಗಟ್ಟಿಯಾಗಿ ಹಿಡ್ಕೊಳ್ಳಿ, ಹೆಬ್ಬೆರಳು ಮಡಿಸಬೇಡಿ,” ಎಂದು ಎಳೆದರು. ಕಾಗದ ಸಲೀಸಾಗಿ ಬಂದುಬಿಟ್ಟಿತು. ಎರಡನೇ ಸಲ ಹೆಬ್ಬೆರಳು ತಾನಾಗಿ ಮಡಿಸಿಕೊಂಡಿತು. ಆ ಎರಡು ಬೆರಳ ನಡುವಿನ ಮಾಂಸ ಇಳಿದು ಗುಳಿ ಬಿದ್ದಿದ್ದನ್ನು ಕಲಾ ಅವತ್ತೇ ನೋಡಿದ್ದು.

“ಏನು ಕೆಲಸ ಮಾಡ್ತೀರಮ್ಮ?”

“ಹಿಟ್ಟು ತೊಳಸ್ತೀನಿ, ಮೇಡಂ.”

“ಹೇಗೆ? ಮಾಡಿ ತೋರಿಸಿ.”

ಇಂದ್ರಮ್ಮ ಮಗಳ ಕೊಡೆ ತೆಗೆದುಕೊಂಡು ನೆಲಕ್ಕೂರಿ, ಹಿಡಿಯ ತಲೆಗೆ ಅಂಗೈ ಬುಡ ಕೊಟ್ಟು ತೋರಿಸಿದಳು. ಡಾಕ್ಟರು ಅವಳ ಕೈ ಎತ್ತಿ, ಗಡ್ಡೆ ಕಟ್ಟಿದ ಜಾಗವನ್ನು ಬೆರಳಿನಿಂದ ಒತ್ತಿದರು. ಕಿರುಬೆರಳ ತುದಿಯವರೆಗೆ ಕರೆಂಟು ಹೊಡೆದಂತಾಗಿ ಇಂದ್ರಮ್ಮ “ಅಯ್ಯಪ್ಪಾ” ಎಂದಳು.

“ನೋಡಿ, ಇಲ್ಲೊಂದು ಇಕ್ಕಟ್ಟಾದ ಓಣಿ ಇದೆ ಅಂದ್ಕೊಳ್ಳಿ. ಆ ಎರಡು ಬೆರಳಿಗೆ ಹೋಗೋ ನರ ಅದರೊಳಗೇ ನುಗ್ಗಿ ಹೋಗ್ಬೇಕು. ನೀವು ದಿನಾ ಕೋಲಿಂದ ಅದನ್ನೇ ಜಜ್ತಾ ಇದೀರ. ಮೇಲಿಂದ ಈ ಬಟ್ಟೆ ಬೇರೆ ಬಿಗಿದಿದೀರ. ಯಾರು ಹೇಳಿದ್ದು?”

ಕಲಾ ಆ ಬಟ್ಟೆ ಬಿಚ್ಚಿ ಚೀಲಕ್ಕೆ ತುರುಕಿದಳು.

ನರದ ಪರೀಕ್ಷೆ ಬೇರೆ ಆಯಿತು. ಮಣಿಕಟ್ಟು ಅಲುಗದಂತೆ ಬಿಳೀ ಪಟ್ಟಿ ಕೊಟ್ಟರು. ಆರು ವಾರ ಅಂಗೈ ಊರುವ ಕೆಲಸವೇ ಕೂಡದು. ಇಳಿಯದಿದ್ದರೆ ಕೊಯ್ದು ನರ ಬಿಡಿಸಬೇಕು. “ತಡ ಮಾಡಿದ್ರೆ ಸ್ಪರ್ಶ ವಾಪಸ್ ಬಂದ್ರೂ ಒಣಗಿದ ಮಾಂಸ ಬರೋದು ಕಷ್ಟ,” ಎಂದರು ಡಾಕ್ಟರು. ಇದನ್ನು ಅವರು ಕಲಾಳಿಗೆ ಹೇಳಿದರು, ಇಂದ್ರಮ್ಮನಿಗಲ್ಲ.

ಆ ಸಂಜೆ ಮನೆಯಲ್ಲಿ ಒಲೆ ಹಚ್ಚುವ ಮೊದಲೇ ಜಗಳ ಹತ್ತಿಕೊಂಡಿತು.

“ಆರು ವಾರ ಅಂದ್ರೆ ಊಟದ ಮನೆ ಯಾರು ನಡೆಸ್ತಾರೆ?” ಎಂದ ಮುನಿರಾಮಯ್ಯ. “ಕಲಾನೇ ಕೆಲಸ ಬಿಟ್ಟು ಮನೇಲಿರ್ಲಿ.”

“ನಾನು ಕೆಲಸ ಬಿಟ್ರೆ ಕಾರ್ಡೂ ಹೋಗತ್ತಪ್ಪ. ಅಮ್ಮನ ಕೈ ಯಾರು ನೋಡ್ತಾರೆ? ನೀವೇ ತೊಳಸಿ.”

“ನಾನು?”

“ಗಂಡಸರು ತೊಳಸಿದ್ರೆ ರಾಗಿ ಬೇಯಲ್ವಾ?”

ಸೋಮವಾರ ಮುನಿರಾಮಯ್ಯನೇ ಕೂತ. ಕವೆಗೋಲು ಪಾದದಿಂದ ಜಾರಿ ಪಾತ್ರೆ ವಾಲಿತು. ಒಂದು ಪಾತ್ರೆ ಅಂಬಲಿಯಾಯಿತು, ಇನ್ನೊಂದು ಕಲ್ಲಾಯಿತು. “ರಾಮಣ್ಣ, ಇದನ್ನ ಲೇತಿಗೆ ಕಟ್ಟಿ ಕಡೀಬೇಕು ಕಣಣ್ಣ,” ಎಂದ ಮರಿಯಪ್ಪ. ಬೆಂಚಿನ ತುಂಬ ನಗು. ಮುನಿರಾಮಯ್ಯ ನಗಲಿಲ್ಲ. ಬುಧವಾರದ ಹೊತ್ತಿಗೆ ಎರಡು ಬೆಂಚು ಖಾಲಿ.

ಗುರುವಾರ ಬೆಳಿಗ್ಗೆ ಕಲಾ ಬಸ್ಸಿಗೆ ಹೋದ ಮೇಲೆ ಚಿಕ್ಕಗಂಗಮ್ಮ ಸೊಸೆಯ ಹತ್ತಿರ ಬಂದು ಕೂತಳು.

“ಒಂದೇ ಒಂದು ಪಾತ್ರೆ ತೊಳಸ್ಕೊಡು ಕಣೆ. ಹುಡುಗಿ ಬರೋದ್ರೊಳಗೆ ಪಟ್ಟಿ ಹಾಕ್ಕೊಂಡ್ರಾಯ್ತು.”

ಇಂದ್ರಮ್ಮ ಗಂಡನ ಮುಖ ನೋಡಿದಳು. ಅವನು ಹಲಗೆಯ ಕಡೆ ತಿರುಗಿ ‘ಹುರುಳಿಕಾಳು ಸಾರು’ ಎಂದು ನಿಧಾನವಾಗಿ ಬರೆಯುತ್ತಿದ್ದ.

ಅವಳು ಪಟ್ಟಿ ಬಿಚ್ಚಿ ಗೂಡಿನಲ್ಲಿಟ್ಟಳು. ಒಂದು ಪಾತ್ರೆ ಎರಡಾಯಿತು, ವಾರದಲ್ಲಿ ಮೂರಾಯಿತು. ಬೆಂಚು ತುಂಬಿದವು. ಸಂಜೆ ಆರಕ್ಕೆ ಪಟ್ಟಿ ಮತ್ತೆ ಕೈಗೆ. “ಹೆಂಗಿದೆ ಅಮ್ಮ?” ಎಂದು ಕಲಾ ಕೇಳಿದರೆ, “ವಾಸಿ ಕಣೆ.” ಹಿಟ್ಟು ತೊಳಸುವವರು ಯಾರೆಂದು ಕೇಳಿದರೆ, “ನಿಮ್ಮಪ್ಪ ಕಲ್ತ್ಕೊಂಡ್ರು,” ಎಂದು ಮೂವರದೂ ಒಂದೇ ಉತ್ತರ. ಮಗಳ ಎದುರು ಸುಳ್ಳು ಹೇಳುವಾಗ ಗಂಡ, ಅತ್ತೆ, ತಾನು ಎಷ್ಟು ಒಗ್ಗಟ್ಟಾಗಿದ್ದೇವೆ ಎಂದು ಇಂದ್ರಮ್ಮನಿಗೆ ಒಮ್ಮೊಮ್ಮೆ ನಾಚಿಕೆಯಾಗುತ್ತಿತ್ತು.

ಆರು ವಾರ ಕಳೆದು ಮತ್ತೆ ಆಸ್ಪತ್ರೆಗೆ ಹೋದಾಗ ಡಾಕ್ಟರು ಕೈಗಿಂತ ಮೊದಲು ಪಟ್ಟಿಯನ್ನು ನೋಡಿದರು. ಬಿಳೀ ಪಟ್ಟಿ, ಮಲ್ಲಿಗೆಯ ಹಾಗಿತ್ತು. ಒಂದು ಅರಿಶಿನದ ಕಲೆಯಿಲ್ಲ, ಬೆವರಿನ ಗೆರೆಯಿಲ್ಲ.

“ಇಷ್ಟು ಚೊಕ್ಕಟವಾಗಿ ಇಟ್ಕೊಂಡಿದೀರಲ್ಲಮ್ಮ. ಅಡುಗೆಮನೇಲಿ ಹೇಗೆ ಸಾಧ್ಯ ಆಯ್ತು?”

ಇಂದ್ರಮ್ಮ ತಲೆ ತಗ್ಗಿಸಿದಳು. ಕಲಾ ಅಮ್ಮನ ಅಂಗೈ ತಿರುಗಿಸಿದಳು. ಗಡ್ಡೆ ಮೊದಲಿಗಿಂತ ಕಪ್ಪಾಗಿತ್ತು, ಮಧ್ಯೆ ಬಿರುಕು. ಕಿರುಬೆರಳು ಬಾಗಲು ಶುರುವಾಗಿತ್ತು. ಆಪರೇಷನ್ನಿಗೆ ಮೂರು ವಾರ ಬಿಟ್ಟು ದಿನ ಕೊಟ್ಟರು.

ಮನೆಗೆ ಬಂದ ಕಲಾ ಚಪ್ಪಲಿ ಬಿಡುವ ಮೊದಲೇ ಶುರುಮಾಡಿದಳು.

“ಅಪ್ಪ, ನೀವು ಕಲ್ತಿದ್ದನ್ನ ತೋರಿಸಿ ಈಗ. ಹಾಕಿ ಪಾತ್ರೆ!”

“ಏಯ್, ದನಿ ತಗ್ಗಿಸು.”

“ಯಾಕೆ ತಗ್ಗಿಸ್ಲಿ? ಮೂರು ಜನ ಕೂತು ಒಂದು ಕೈನ ತಿಂದ್ರಿ!”

“ನಿಮ್ಮಮ್ಮ ಏನು ಎಳೆಮಗೂನಾ? ಬೇಡ ಅಂದಿದ್ರೆ ನಾವು ಹಿಡ್ಕೊಂಡು ತೊಳಸಿಸ್ತಿದ್ವಾ?”

“ಕೊಯ್ಸೋದು ಬ್ಯಾಡ,” ಎಂದಳು ಚಿಕ್ಕಗಂಗಮ್ಮ. “ನೀವು ಹೇಳೋ ದಿನ ಪಕ್ಷಮಾಸದಲ್ಲಿ ಬೀಳ್ತದೆ. ಹಿರೀಕರಿಗೆ ಎಡೆ ಇಡೋ ದಿನಗಳಲ್ಲಿ ಮೈಗೆ ಕತ್ತಿ ತಾಗಿಸ್ತಾರಾ? ನಂಗೂ ಬಂದಿತ್ತು, ನಾನೇನು ಸತ್ತೋದ್ನಾ?”

ಕಲಾ ಹೋಗಿ ಅಜ್ಜಿಯ ಬಲಗೈಯನ್ನು ಎಳೆದುಕೊಂಡಳು. ಕೊಕ್ಕೆಯಾದ ಬೆರಳುಗಳನ್ನು ಬಿಟ್ಟು, ಹೆಬ್ಬೆರಳ ಪಕ್ಕದ ಜಾಗಕ್ಕೆ ತನ್ನ ಬೆರಳಿಟ್ಟಳು. ಅಲ್ಲಿ ಚರ್ಮದಡಿ ಮೂಳೆ ಮಾತ್ರ ಇತ್ತು.

“ಅಮ್ಮ, ನೋಡು. ನಿಂದೂ ಇದೇ ಜಾಗ. ಅಜ್ಜಿ, ಇದು ಯಾವಾಗ ಹಿಂಗಾಯ್ತು?”

“ನಿಮ್ಮಪ್ಪಂಗೆ ಮದುವೆ ಆಗೋಕೆ ಮೊದಲು.” ಮುದುಕಿ ಕೈ ಬಿಡಿಸಿಕೊಳ್ಳಲು ನೋಡಿ ಆಗದೆ ಹಾಗೇ ಬಿಟ್ಟಳು. “ಯಾರೋ ಮದ್ದು ಹಾಕವ್ರೆ ಅಂತ ನಿಮ್ಮಜ್ಜ ಕೋಳಿ ಕೊಯ್ಸಿದ್ರು. ಹೋಗ್ಲಿಲ್ಲ. ಕೋಲು ನಿಲ್ದೇ ಹೋಯ್ತು ಕೈಲಿ. ಗಿರಾಕಿ ಒಬ್ಬೊಬ್ರೇ ಬಿಟ್ರು. ಆಗ ನಿಮ್ಮಮ್ಮನ್ನ ತಂದ್ವಿ.”

ಇಂದ್ರಮ್ಮ ಅಲ್ಲಿಯವರೆಗೆ ನೆಲ ನೋಡುತ್ತಿದ್ದವಳು ತಲೆಯೆತ್ತಿದಳು.

ಹೆಣ್ಣು ನೋಡಲು ಬಂದ ದಿನ ನೆನಪಾಯಿತು. ಹಾಡು ಕೇಳಲಿಲ್ಲ, ಓದು ಕೇಳಲಿಲ್ಲ. ಉಪ್ಪಿಟ್ಟು ಕೊಟ್ಟರೆ ಮುಟ್ಟಲಿಲ್ಲ. “ಹುಡುಗಿ ಕೈಲಿ ಒಂದು ಪಾತ್ರೆ ಹಿಟ್ಟು ತೊಳಸಿಸಿ, ಅದನ್ನೇ ಉಂಡು ಹೋಗ್ತೀವಿ,” ಎಂದಿದ್ದಳು ಈ ಅತ್ತೆ. ತೊಳಸುವಾಗ ಪಕ್ಕದಲ್ಲೇ ಕೂತು ನೋಡಿದ್ದಳು, ಕೈಯನ್ನೇ ನೋಡಿದ್ದಳು. ತನ್ನ ಅಡುಗೆ ಮೆಚ್ಚಿ ಒಪ್ಪಿಕೊಂಡರೆಂದು ಇಂದ್ರಮ್ಮ ತವರಿನಲ್ಲಿ ವರ್ಷಗಟ್ಟಲೆ ಹೇಳಿಕೊಂಡು ತಿರುಗಿದ್ದಳು.

“ಅದಕ್ಕೇ ಅಲ್ವಾ ಅತ್ತೆ ನೀವು ಉಪ್ಪಿಟ್ಟು ಬಿಟ್ಟು ನನ್ನ ಕೈಲಿ ಹಿಟ್ಟು ತೊಳಸಿಸಿದ್ದು,” ಎಂದಳು.

ಮುನಿರಾಮಯ್ಯ ಎದ್ದು ಬೀಡಿ ಹಚ್ಚಲು ಹೊರಗೆ ಹೋದ.

ಪಕ್ಷಮಾಸದಲ್ಲೇ ಆಪರೇಷನ್ ಆಯಿತು. ಮಣಿಕಟ್ಟಿನಿಂದ ಅಂಗೈವರೆಗೆ ಸಣ್ಣ ಗಾಯ. ಬುಡದ ಗಡ್ಡೆಯ ಅಡಿಯಲ್ಲಿ ನರ ಚಪ್ಪಟೆಯಾಗಿತ್ತಂತೆ. ಮೇಲಿನ ಬಿಗಿಯನ್ನು ಬಿಡಿಸಿದ್ದೇವೆ, ಕಾದು ನೋಡಬೇಕು ಎಂದರು. ಹೊಲಿಗೆ ಬಿಚ್ಚಿದ ಮೇಲೆ ಕಿರುಬೆರಳಲ್ಲಿ ಒಂದಿಷ್ಟು ನೋವು ಬಂತು. ನೋವು ಬಂದದ್ದು ಒಳ್ಳೆಯದು ಎಂದರು ಡಾಕ್ಟರು. ಬಾಗಿದ್ದ ಬೆರಳು ನೆಟ್ಟಗಾಗಲಿಲ್ಲ. ಗುಳಿ ಗುಳಿಯಾಗಿಯೇ ಉಳಿಯಿತು. ದಿನಕ್ಕೆ ಮೂರು ಸಲ ಸ್ಪಂಜು ಹಿಸುಕಲು ಹೇಳಿಕೊಟ್ಟರು, ಹಿಸುಕಿದಳು.

ಅಮ್ಮನ ಆರೈಕೆಗೆಂದು ಕಲಾ ಹತ್ತು ದಿನ ರಜೆ ಹಾಕಿದ್ದಳು. ಹತ್ತು ಹದಿನಾರಾಯಿತು. ಒಂದು ಬೆಳಿಗ್ಗೆ ಇಂದ್ರಮ್ಮ ನಡುಮನೆಯಲ್ಲಿ ಮಲಗಿದ್ದಾಗ ಅಡುಗೆಮನೆಯಿಂದ ಅತ್ತೆಯ ದನಿ ಕೇಳಿಸಿತು.

“ತೋಳಲ್ಲಿ ತೊಳಸಬ್ಯಾಡ ಕಣವ್ವ, ಸೋಲ್ತೀಯ. ಕೋಲಿನ ತಲೆಗೆ ಅಂಗೈ ಬುಡ ಕೊಡು. ಹಾಂ, ಹಂಗೆ. ಮೈಭಾರ ಬಿಡು.”

ಇಂದ್ರಮ್ಮ ಎದ್ದು ಹೋಗಿ ಬಾಗಿಲಲ್ಲಿ ನಿಂತಳು. ಕಲಾ ಚೂಡಿದಾರದ ಪ್ಯಾಂಟನ್ನು ಮೊಣಕಾಲಿಗೆ ಏರಿಸಿ, ಕವೆಗೋಲನ್ನು ಪಾದದಲ್ಲಿ ಒತ್ತಿ ಹಿಡಿದು ಕೂತಿದ್ದಳು. ಹಬೆಯಲ್ಲಿ ಮುಖ ಕೆಂಪಾಗಿತ್ತು. ಅಮ್ಮನನ್ನು ಕಂಡು, “ನೀನು ಯಾಕೆ ಎದ್ದೆ? ಎರಡು ದಿನ ಅಷ್ಟೇ. ಅಪ್ಪ ಮಾಡಿದ್ದನ್ನ ಯಾರೂ ಮುಟ್ತಾ ಇಲ್ಲ,” ಎಂದಳು.

ಮಧ್ಯಾಹ್ನ ಮರಿಯಪ್ಪ ತುತ್ತು ಬಾಯಿಗಿಟ್ಟು ತಲೆದೂಗಿದ. “ಬಂತು ನೋಡಿ ಹಳೇ ಕೈ! ಇಂದ್ರಕ್ಕನ ಕೈನೇ ಮಗಳಿಗೂ ಬಂದದೆ.”

ಗಲ್ಲಾದ ಹಿಂದೆ ಮುನಿರಾಮಯ್ಯನ ಮುಖ ಎಷ್ಟೋ ವಾರದ ಮೇಲೆ ಅರಳಿತು. ಊಟಕ್ಕೆ ಕೂತಾಗ ಅವನೇ ಮಾತು ತೆಗೆದ. “ಫ್ಯಾಕ್ಟರಿ ಸೂಪರ್‌ವೈಸರ್ ಫೋನ್ ಮಾಡಿದ್ದ. ಸೋಮವಾರ ಬರ್ದಿದ್ರೆ ಬೇರೆಯವರನ್ನ ತಗೊಳ್ತಾನಂತೆ. ತಗೊಳ್ಲಿ ಬಿಡು. ಆಪರೇಷನ್ ಆಯ್ತು, ಕಾರ್ಡಿನ ಕೆಲಸ ಮುಗೀತಲ್ಲ. ಮಾಡೋ ಕೆಲಸ ಮನೇಲೇ ಇದೆ.”

ಕಲಾ ಜಗಳಕ್ಕೆ ಬರಲಿಲ್ಲ. ಅದೇ ಇಂದ್ರಮ್ಮನಿಗೆ ದಿಗಿಲಾದದ್ದು. ಹುಡುಗಿ ಗೋಡೆಗೊರಗಿ, ಬಲಗೈಯ ಅಂಗೈ ಬುಡವನ್ನು ತೊಡೆಯ ಮೇಲೆ ಉಜ್ಜಿಕೊಳ್ಳುತ್ತಿದ್ದಳು.

“ಏನೇ ಅದು?”

“ಏನಿಲ್ಲ. ಅಭ್ಯಾಸ ಇಲ್ವಲ್ಲ. ಹೋಗತ್ತೆ.”

ಸೋಮವಾರ ಬೆಳಿಗ್ಗೆ ಎಲ್ಲರಿಗಿಂತ ಮೊದಲು ಎದ್ದವಳು ಇಂದ್ರಮ್ಮ. ಹಲಗೆಯ ಮುಂದೆ ಸ್ಟೂಲು ಹಾಕಿ ಹತ್ತಿದಳು. ಒದ್ದೆ ಬಟ್ಟೆಯಿಂದ ಮೇಲಿನ ಸಾಲನ್ನು ಒರೆಸಿದಳು. ವರ್ಷಗಳಿಂದ ಕೂತ ಸುಣ್ಣ, ಬೇಗ ಹೋಗಲಿಲ್ಲ. ಸೀಮೆಸುಣ್ಣ ಬಲಗೈಯಲ್ಲಿ ನಿಲ್ಲಲಿಲ್ಲ. ಎಡಗೈಯಲ್ಲಿ ಬರೆದಳು, ಅಕ್ಷರಗಳು ಮಗು ಬರೆದಂತೆ ವಾಲಿಕೊಂಡಿದ್ದವು. ‘ಮುದ್ದೆ ಇಲ್ಲ. ಅನ್ನ ಸಾರು.’

ಮುನಿರಾಮಯ್ಯ ಹಲ್ಲುಜ್ಜುತ್ತಾ ಬಂದು ಓದಿದ.

“ತಲೆ ಕೆಟ್ಟಿದೆಯಾ ನಿಂಗೆ? ಅನ್ನ ಉಣ್ಣೋಕೆ ಯಾರು ಬರ್ತಾರೆ ಇಲ್ಲಿಗೆ? ರಸ್ತೆ ತುಂಬ ದರ್ಶಿನಿ ಹೋಟ್ಲು ಅವೆ!”

“ಬಂದಷ್ಟು ಬರ್ಲಿ.”

“ಮನೆ ಹೆಂಗೆ ನಡೀತದೆ?”

“ನೀವು ಎಲ್ಲಾದ್ರೂ ವಾಚ್‌ಮನ್ ಕೆಲಸ ನೋಡಿ. ಬಿನ್ನಿಪೇಟೇಲಿ ಹೊಸ ಬಿಲ್ಡಿಂಗ್ ಎಷ್ಟು ಏಳ್ತಾ ಇದಾವೆ.”

ಗಿರಣಿಯ ನೇಯ್ಗೆಯವನಾಗಿದ್ದ ಮನುಷ್ಯ ಬ್ರಷ್ಷು ಹಿಡಿದು ಬಚ್ಚಲ ಕಡೆ ತಿರುಗಿದ. ಅವನನ್ನು ಹೀಗೆ ನೋಯಿಸಬೇಕೆಂದು ಇಂದ್ರಮ್ಮ ಅಂದುಕೊಂಡಿರಲಿಲ್ಲ. ಆಡಿದ ಮೇಲೆ ವಾಪಸ್ಸೂ ತೆಗೆದುಕೊಳ್ಳಲಿಲ್ಲ.

“ಕಲಾ, ಏಳೂಮುಕ್ಕಾಲಾಯ್ತು. ಬಸ್ ಹತ್ತು.”

“ಅಮ್ಮ…”

“ಹತ್ತು ಅಂದ್ನಲ್ಲ. ಡಬ್ಬಿ ಕಟ್ಟಿದೀನಿ.”

ಆ ಮಧ್ಯಾಹ್ನ ಜನ ಬಂದರು, ಹಲಗೆ ನೋಡಿದರು, ಒಬ್ಬರ ಮುಖ ಒಬ್ಬರು ನೋಡಿಕೊಂಡು ಮುಂದಕ್ಕೆ ಹೋದರು. ಒಂಬತ್ತು ಜನ ಕೂತರು. ಮರಿಯಪ್ಪ ಅವರಲ್ಲೊಬ್ಬ. ಅನ್ನವನ್ನು ಅರ್ಧ ಬಿಟ್ಟು ಕೈತೊಳೆದ. “ಕೈ ವಾಸಿಯಾದ್ಮೇಲೆ ಹೇಳಿ ಕಳ್ಸಿ ಅಕ್ಕ,” ಎಂದ. ಇಂದ್ರಮ್ಮ ಆಗಲಿ ಎಂದಳು. ಅವನು ಮಾರನೆಯ ದಿನ ಬರುವುದಿಲ್ಲವೆಂದು ಇಬ್ಬರಿಗೂ ಗೊತ್ತಿತ್ತು.

ಮೂರು ಗಂಟೆಗೆ ಅತ್ತೆಗೆ ತಟ್ಟೆ ಹಾಕಿದಳು. ಅನ್ನ, ಮೇಲೆ ಬಸ್ಸಾರು.

“ನನಗೊಬ್ಬಳಿಗಾದ್ರೂ ಒಂದು ಮುದ್ದೆ ಮಾಡಬಾರ್ದಾಗಿತ್ತಾ?”

“ಇವತ್ತು ಅನ್ನಾನೇ ಅತ್ತೆ. ಉಣ್ಣಿ.”

ಚಿಕ್ಕಗಂಗಮ್ಮ ಬಹಳ ಹೊತ್ತು ಮುಟ್ಟಲಿಲ್ಲ. ಆಮೇಲೆ ಹಸಿವು ತಡೆಯದೆ ಕೈ ಹಾಕಿದಳು. ಮೂರು ಬೆರಳಲ್ಲಿ ಅನ್ನ ಒತ್ತಿ ಎತ್ತಿದಳು. ಬಾಯಿಗೆ ಹೋಗುವಷ್ಟರಲ್ಲಿ ಬಾಗಿದ ಬೆರಳುಗಳ ಸಂದಿಯಿಂದ ಅಗುಳೆಲ್ಲ ಜಾರಿ ಸೆರಗಿನ ಮೇಲೆ ಬಿತ್ತು. ಇನ್ನೊಂದು ಸಲ ಎತ್ತಿದಳು. ಮತ್ತೆ ಬಿತ್ತು. ಸಾರು ಮೊಣಕೈವರೆಗೆ ಇಳಿಯಿತು. ಯಾರಾದರೂ ನೋಡುತ್ತಿದ್ದಾರೆಯೇ ಎಂದು ಮುದುಕಿ ಕಣ್ಣೆತ್ತಿದಾಗ ಎದುರಿಗೆ ಸೊಸೆ ತನ್ನ ತಟ್ಟೆ ಹಾಕಿಕೊಂಡು ಕೂತಿದ್ದಳು.

ಇಂದ್ರಮ್ಮನಿಗೆ ಆ ಕೈಯಿಂದ ಕಣ್ಣು ಕೀಳಲಾಗಲಿಲ್ಲ. ಇಪ್ಪತ್ತನಾಲ್ಕು ವರ್ಷದ ಹಬ್ಬಗಳು, ಮದುವೆಯ ಪಂಕ್ತಿಗಳು, ಎಲೆಯ ಮುಂದಿನಿಂದ ಎದ್ದುಹೋಗುತ್ತಿದ್ದ ಈ ಹೆಂಗಸು. ರೋಗಿಷ್ಟರ ಊಟ ಎಂದು ಅನ್ನವನ್ನು ಬೈಯುತ್ತಿದ್ದ ಬಾಯಿ. ಇಂದ್ರಮ್ಮ ತನ್ನ ತಟ್ಟೆಯನ್ನು ನೋಡಿಕೊಂಡಳು. ಅದರ ಸುತ್ತಲೂ ಅನ್ನ ಚೆಲ್ಲಿತ್ತು.

ಎದ್ದು ಹೋಗಿ ಅಡುಗೆಮನೆಯಿಂದ ಎರಡು ಚಮಚ ತಂದಳು. ಒಂದನ್ನು ಅತ್ತೆಯ ಎಡಗೈಗೆ ಕೊಟ್ಟಳು. ಇನ್ನೊಂದನ್ನು ತನ್ನ ಎಡಗೈಯಲ್ಲಿ ಹಿಡಿದು, ಪಕ್ಕದಲ್ಲೇ ಕೂತು, ಉಣ್ಣತೊಡಗಿದಳು.